ತೊಟ್ಟಿ ಮನೆಗೆ ರೋಮನ್ನರ ಮಳೆನೀರು ಪದ್ಧತಿ

ಇಟಲಿಯಲ್ಲಿ ರೋಮನ್ನರ ಕಾಲದ ಪೊಂಪೈ ಪಟ್ಟಣದ ಹಳೇ ಮನೆಗಳಲ್ಲಿ ಚಾವಣಿ ಒಳಮುಖವಾಗಿ ಇಳಿಜಾರಿತ್ತು. ನಡುವೆ ಬಯಲು ಕಿಂಡಿ, ಅದೇ ಕಾಂಪ್ಲೂವಿಯಂ. ನೇರ ಕೆಳಗೆ ತಗ್ಗಿನ ತೊಟ್ಟಿ, ಇಂಪ್ಲೂವಿಯಂ. ನಮ್ಮ ತೊಟ್ಟಿ ಮನೆಯದೂ ಇದೇ ರಚನೆ. ಆದರೆ ರೋಮನ್ನರು ನೀರನ್ನು ಮೋರಿಗೆ ಬಿಟ್ಟು ಸುಮ್ಮನಾಗಲಿಲ್ಲ, ನೆಲದಡಿಯ ಸಂಪಿನೊಳಕ್ಕೆ ಇಳಿಸಿದರು.

ಚಿತ್ರದುರ್ಗದ ಕಡೆ ವರ್ಷಕ್ಕೆ ಸುಮಾರು 600 ಮಿ.ಮೀ. ಮಳೆ. 50 ಚದರ ಮೀಟರ್ ಹೆಂಚಿನ ಚಾವಣಿಗೆ 30,000 ಲೀಟರ್ ಬೀಳುತ್ತದೆ; ಹೀರಿದ್ದು, ಸಿಡಿದದ್ದು ಕಳೆದು 24,000 ಹಿಡಿಯಿರಿ. ಅಷ್ಟು ದೊಡ್ಡ ಸಂಪು ಬೇಡ. ಐದು ಜನ, ಕುಡಿಯಲು ಮತ್ತು ಅಡುಗೆಗೆ ತಲಾ 10 ಲೀಟರ್, ಮಳೆಯಿಲ್ಲದ 120 ದಿನ: 6,000 ಲೀಟರ್. ಉದ್ದ, ಅಗಲ 2 ಮೀಟರ್, ನೀರಿನ ಆಳ 1.5 ಮೀಟರ್ ಸಾಕು.

ತೊಟ್ಟಿಗೆ ಎರಡು ತೂಬು ಇರಲೇಬೇಕು, ರೋಮನ್ನರಲ್ಲೂ ಇದ್ದವು. ಬೀದಿ ಮೋರಿಯ ತೂಬು ತಳಮಟ್ಟದಲ್ಲಿರಲಿ; ಸಂಪಿನದು ಎರಡು ಇಂಚು ಮೇಲೆ, ಜಾಲರಿ ಹಾಕಿ. ಆಗ ಮಣ್ಣು, ಎಲೆ ತೊಟ್ಟಿಯಲ್ಲೇ ಉಳಿಯುತ್ತವೆ. ಬೇಸಿಗೆ ಕಳೆದ ಮೊದಲ ಮಳೆಗೆ ಸಂಪಿನ ತೂಬು ಮುಚ್ಚಿ, ಅಷ್ಟನ್ನೂ ಮೋರಿಗೆ ಬಿಡಿ. ಆಮೇಲೆ ಪ್ರತಿ ಮಳೆಯಲ್ಲೂ ಮೊದಲ 100 ಲೀಟರ್ ಚೆಲ್ಲಿ, ಮೋರಿಯ ತೂಬು ಮುಚ್ಚಿದರೆ ಆಯಿತು. ಸಂಪು ತುಂಬಿ ಹೊರಹೋಗುವ ಪೈಪು ತೊಟ್ಟಿಯ ತಳಕ್ಕಿಂತ ಕೆಳಗಿರಬೇಕು. ಇಲ್ಲದಿದ್ದರೆ ನೀರು ಹಿಂದಕ್ಕೆ ಒತ್ತಿ ಪಡಸಾಲೆಗೇ ಬರುತ್ತದೆ.

ಸಂಪನ್ನು ಎರಡು ಅಂಕಣ ಮಾಡಿ. ಮೊದಲನೆಯದರಲ್ಲಿ ಕೆಸರು ಕೂತು, ತಿಳಿ ನೀರು ಎರಡನೆಯದಕ್ಕೆ ಹೋಗಲಿ ಎಂದು ರೋಮನ್ ವಾಸ್ತುಶಿಲ್ಪಿ ವಿಟ್ರುವಿಯಸ್ ಆಗಲೇ ಬರೆದಿದ್ದಾನೆ. ಚಿತ್ರದುರ್ಗದ ಕೋಟೆಯಲ್ಲಿ ಮೇಲಿನ ಹೊಂಡ ತುಂಬಿ ಕೆಳಗಿನದಕ್ಕೆ ಹರಿದ ಹಾಗೆ.

ಗಾರೆಯೇ ಇಲ್ಲಿ ಜೀವ. ಬರೀ ಸುಣ್ಣ ನೀರೊಳಗೆ ಗಟ್ಟಿಯಾಗದು; ಇಟ್ಟಿಗೆ ಪುಡಿ ಬೆರೆತರೆ ಆಗುತ್ತದೆ. ಅರಳಿಸಿದ ಸುಣ್ಣ 1 ಪಾಲು, ಪುಡಿ 2 ಪಾಲು. ಕಪ್ಪಗೆ ಸುಟ್ಟು ಕರಕಲಾದ ಇಟ್ಟಿಗೆ ಕೆಲಸಕ್ಕೆ ಬಾರದು. ನೆಲ–ಗೋಡೆ ಸೇರುವ ಮೂಲೆಗೆ ಗಾರೆಯನ್ನು ಉರುಟಾಗಿ ತುಂಬಿ ಒತ್ತಿಸಿ. ಪೊಂಪೈ ಸಂಪುಗಳಲ್ಲಿ ಈ ಉಬ್ಬು ಈಗಲೂ ಕಾಣುತ್ತದೆ. ಬಿರುಕು ಹುಟ್ಟುವುದು ಆ ಮೂಲೆಯಲ್ಲೇ, ಕೆಸರು ಕೂರುವುದೂ ಅಲ್ಲೇ. ಉರುಟಾಗಿದ್ದರೆ ಪೊರಕೆ ಆಡುತ್ತದೆ. ಮೂರು ವಾರ ಗೋಣಿಚೀಲ ಒದ್ದೆಯಿಟ್ಟು ಹದ ಮಾಡಿ. ಬಿಸಿಲಿಗೆ ಬಿಟ್ಟರೆ ಹಕ್ಕಳೆ ಏಳುತ್ತದೆ. ಮೊದಲ ಸಲ ತುಂಬಿದ ನೀರು ಸುಣ್ಣದ ಕಾರವಿರುತ್ತದೆ, ವಾರ ಬಿಟ್ಟು ಚೆಲ್ಲಿ.

ಪೈಪಿನಲ್ಲಿ ಮಾತ್ರ ರೋಮನ್ನರನ್ನು ಅನುಸರಿಸಬೇಡಿ: ಅವರು ಸೀಸ ಬಳಸಿದರು, ಪಿವಿಸಿ ಹಾಕಿ. ಸಂಪಿನ ಬಾಯಿಗೆ ಅವರಂತೆ ಕಲ್ಲಿನ ಕಟ್ಟೆ ಕಟ್ಟಿ, ಬಿಗಿ ಮುಚ್ಚಳ ಕೂರಿಸಿ. ಬೆಳಕು ಒಳಹೊಕ್ಕರೆ ಪಾಚಿ, ಸಂದು ಉಳಿದರೆ ಸೊಳ್ಳೆ. ಕುಡಿಯುವ ನೀರನ್ನು ಕುದಿಸಿಯೇ ಬಳಸಿ.