ಕಪ್ಪತಗುಡ್ಡದ ಕೆಳಗೆ ಠರಾವು ಬರೆಸಿದ್ದು

ಕಪ್ಪತಗುಡ್ಡದ ಹೋರಾಟ ಅಂದರೆ ಎಲ್ಲರಿಗೂ ನೆನಪಾಗುವುದು ಗದಗಿನ ಧರಣಿ. 2015ರಲ್ಲಿ ಗುಡ್ಡವನ್ನು ಸಂರಕ್ಷಿತ ಮೀಸಲು ಪ್ರದೇಶ ಎಂದು ಘೋಷಿಸಿದ್ದ ಸರ್ಕಾರ ಮರುವರ್ಷ ಅದನ್ನು ವಾಪಸ್ ಪಡೆಯಿತು. 2017ರ ಫೆಬ್ರವರಿಯಲ್ಲಿ ತೋಂಟದ ಸಿದ್ಧಲಿಂಗ ಶ್ರೀಗಳು ಧರಣಿ ಕೂತರು, ಆ ವರ್ಷವೇ ಮೀಸಲು ಮತ್ತೆ ಬಂತು. 2019ರಲ್ಲಿ ಗುಡ್ಡ ವನ್ಯಜೀವಿ ಧಾಮವೂ ಆಯಿತು. ಬಂಗಾರ, ಕಬ್ಬಿಣದ ಅದಿರಿಗೆ ಕಣ್ಣು ಹಾಕಿದವರಿಗೆ ಅದು ದೊಡ್ಡ ತಡೆ, ನಿಜ. ಆದರೆ ತಲೆತಲಾಂತರದಿಂದ ಅಲ್ಲಿ ಕುರಿ ಮೇಯಿಸಿದವನ ಹಕ್ಕು ಅದರಿಂದ ಕಾಗದಕ್ಕೆ ಇಳಿಯುವುದಿಲ್ಲ. ಅದಕ್ಕೆ 2006ರ ಅರಣ್ಯ ಹಕ್ಕು ಕಾಯ್ದೆಯೇ ಬೇಕು.

ಮುಂಡರಗಿ ಸೀಮೆಯ ಒಂದು ಹಳ್ಳಿಯ ಸಮುದಾಯ ಹಕ್ಕಿನ, ಅಂದರೆ ಊರೆಲ್ಲ ಸೇರಿ ಕಾಡು ಬಳಸುವ ಹಕ್ಕಿನ, ಅರ್ಜಿಗೆ ನಾನು ಕೈಜೋಡಿಸಿದ್ದೆ. ಪರಿಶಿಷ್ಟ ಪಂಗಡಕ್ಕೆ ಸೇರದವರು 2005ರ ಡಿಸೆಂಬರ್ 13ಕ್ಕೆ ಹಿಂದಿನ 75 ವರ್ಷಗಳ ಕಾಡಿನ ನಂಟು ತೋರಿಸಬೇಕು. 1930ರ ಕಾಗದ ಯಾರ ಪೆಟ್ಟಿಗೆಯಲ್ಲಿದ್ದೀತು? ಹಿರಿಯರ ಹೇಳಿಕೆಯನ್ನು ಬರೆದುಕೊಂಡರೆ ನಿಯಮದ ಪ್ರಕಾರ ಅದೂ ಪುರಾವೆಯೇ. ಕಟ್ಟೆ ಮೇಲೆ ಕೂಡಿಸಿ ಕೇಳಿದರೆ ಅಜ್ಜಂದಿರು “ಮೊದಲಿಂದನೂ ಐತ್ರೀ” ಎಂದು ಸುಮ್ಮನಾಗುತ್ತಿದ್ದರು. ಬಾಯಿ ಬಿಚ್ಚಿದ್ದು ಗುಡ್ಡ ಹತ್ತಿದ ಮೇಲೆ. ಕುರಿಗಾರ ಅಜ್ಜನೊಬ್ಬ ಕಲ್ಲಿನ ದೋಣಿಯೊಂದರ ಮುಂದೆ ನಿಂತು, “ತಮ್ಮಾ, ಇದನ್ನ ಕಡದಾಂವ ನಮ್ಮ ಮುತ್ಯಾ. ಕುರಿ ನೀರ ಕುಡೀಲಿ ಅಂತ” ಅಂದ. ಅದರ ಒಂದೇ ಬದಿಯ ಅಂಚು ಕುರಿಗಳ ಕುತ್ತಿಗೆ ಉಜ್ಜಿ ನುಣುಪಾಗಿತ್ತು. ಫೋಟೊ, ಜಿಪಿಎಸ್ ಗುರುತು, ಅಜ್ಜನ ಹೆಬ್ಬೆಟ್ಟು, ಮೂರೂ ಒಂದೇ ಹಾಳೆಗೆ ಬಂದವು. ಮೇವಿನ ಹಾದಿ, ಔಷಧಿ ಬೇರು ಅಗೆಯುವ ಜಾಗ, ದೇವರ ಗಿಡಗಳನ್ನೂ ಹೀಗೇ ಬರೆದೆವು.

ಅರ್ಜಿಗೆ ಒಪ್ಪಿಗೆಯ ಠರಾವು ಮಾಡುವ ಗ್ರಾಮಸಭೆಗೆ ಅರ್ಧದಷ್ಟು ಸದಸ್ಯರು ಬರಬೇಕು, ಬಂದವರಲ್ಲಿ ಮೂರನೇ ಒಂದು ಭಾಗ ಹೆಣ್ಣುಮಕ್ಕಳಿರಬೇಕು. ಎತ್ತು ಹೂಡದ ಅಮಾಸಿ ದಿನ ಸಭೆ ಇಟ್ಟೆವು, ಗುಡಿ ಅಂಗಳ ತುಂಬಿತು. ಒಡಿಶಾದ ನಿಯಮಗಿರಿಯ ಕತೆ ಹೇಳಿದೆ: 2013ರಲ್ಲಿ ಸುಪ್ರೀಂ ಕೋರ್ಟ್ ನಿರ್ಧಾರವನ್ನು ಗ್ರಾಮಸಭೆಗಳಿಗೇ ಬಿಟ್ಟಾಗ, ಡೋಂಗ್ರಿಯಾ ಕೊಂಧ್ ಆದಿವಾಸಿಗಳ ಆ ಬೆಟ್ಟದ 12 ಸಭೆಗಳೂ ಬಾಕ್ಸೈಟ್ ಗಣಿ ಬೇಡ ಎಂದವು. “ಅವ್ರೇನ ಸಾಲಿ ಕಲತಾವ್ರೇನ್ರಿ?” ಎಂದು ಅಕ್ಕ ಒಬ್ಬಳು ಕೇಳಿದಳು. ಬಹಳಷ್ಟು ಮಂದಿ ಕಲಿತಿರಲಿಲ್ಲ ಅಂದೆ. ಆಮೇಲೆ ಠರಾವಿನ ಒಂದೊಂದು ಸಾಲನ್ನೂ ಎರಡೆರಡು ಸಲ ಓದಿಸಿದ್ದು ಆಕೆಯೇ.

ಕಡತ, ಅರ್ಜಿ ಪರಿಶೀಲಿಸುವ ಉಪವಿಭಾಗ ಸಮಿತಿಗೆ ಹೋಯಿತು. ಪ್ರತಿ ಹಾಳೆಯ ಜೆರಾಕ್ಸ್ ಮೇಲೂ ಸಿಕ್ಕಾ, ತಾರೀಖು ಹಾಕಿಸಿಕೊಂಡೇ ಕಚೇರಿ ಮೆಟ್ಟಿಲು ಇಳಿದೆವು. ಸಮಿತಿ ತಿರಸ್ಕರಿಸಿದರೆ 60 ದಿನದೊಳಗೆ ಜಿಲ್ಲಾ ಸಮಿತಿಗೆ ಹೋಗಬೇಕು, ಆಗ ಆ ಜೆರಾಕ್ಸ್ ಕಟ್ಟೇ ಬೇಕಾಗುವುದು.