ಹಳೆಯ ಪೋಲಿಷ್ ಪೋಷಕ ನಟರೊಬ್ಬರ ಜಾಡು ಹಿಡಿಯುವುದು ಹೇಗೆ

ಮೂಕಿಚಿತ್ರಗಳ ಕಾಲದ ಪೋಲಿಷ್ ನಟರ ವೃತ್ತಿಜೀವನವನ್ನು ಅರಿಯಹೊರಟವರು ಸಹಜವಾಗಿಯೇ ಮೊದಲ ಚಿತ್ರವನ್ನು ಹುಡುಕುತ್ತಾರೆ, ಮತ್ತು ಸಾಮಾನ್ಯವಾಗಿ ಅಲ್ಲೇ ಮುಗ್ಗರಿಸುತ್ತಾರೆ. 1874ರಲ್ಲಿ ಚೆನ್ಸ್ತೊಹೋವಾದಲ್ಲಿ ಹುಟ್ಟಿದ ಹಾಸ್ಯನಟ ಅಂತೋನಿ ಫೆರ್ಟ್ನರ್ ಅವರನ್ನೇ ತೆಗೆದುಕೊಳ್ಳಿ. ಹಳ್ಳಿಯಿಂದ ವಾರ್ಸಾಗೆ ಬಂದವನೊಬ್ಬನ ಪಡಿಪಾಟಲಿನ ಕಿರುಚಿತ್ರದಲ್ಲಿ ಅವರು ‘ಅಂತೋಶ್’ ಆಗಿ ನಟಿಸಿದರು. ಅದು 1908ರ ಅಕ್ಟೋಬರ್ 22ರಂದು ವಾರ್ಸಾದ ‘ಓಆಜಾ’ ಚಿತ್ರಮಂದಿರದಲ್ಲಿ ತೆರೆಕಂಡಿತು. ಪೋಲೆಂಡಿನ ಮೊದಲ ಕಥಾಚಿತ್ರವೆಂದು ಅದನ್ನು ಕರೆಯುವ ರೂಢಿಯಿದೆಯಾದರೂ, 1902ರಲ್ಲೇ ಪೋಲಿಷ್ ಸಿನಿಮಾದ ಆದ್ಯರಲ್ಲೊಬ್ಬರಾದ ಕಜಿಮಿಯೆಷ್ ಪ್ರುಶಿನ್ಸ್ಕಿ ಸಣ್ಣ ಕಥಾದೃಶ್ಯಗಳನ್ನು ಚಿತ್ರೀಕರಿಸಿದ್ದರು. ಆದ್ದರಿಂದ ‘ಮೊದಲ’ ಎಂಬ ವಿಶೇಷಣವನ್ನು ಸ್ವಲ್ಪ ಅನುಮಾನದಿಂದಲೇ ನೋಡುವುದು ಒಳ್ಳೆಯದು. ಈಗ ಆ ಚಿತ್ರದ ಪ್ರತಿಯೇ ಉಳಿದಿಲ್ಲ. ಹೀಗಾಗಿ ಕೊನೆಯಿಂದ ಹಿಂದಕ್ಕೆ ನಡೆಯುವುದೇ ಸರಿಯಾದ ದಾರಿ.

1930ರ ದಶಕದ ಟಾಕಿಗಳಲ್ಲಿ ಹಲವು ಉಳಿದುಬಂದಿವೆ. ಮೊದಲು ಅವುಗಳಲ್ಲಿ ಎರಡನ್ನಾದರೂ ನೋಡಿ. 1938ರ ‘ಜಪೊಮ್ನಿಯಾನಾ ಮೆಲೋದಿಯಾ’, ಅಂದರೆ ‘ಮರೆತ ರಾಗ’, ಒಳ್ಳೆಯ ಆರಂಭ. ಸಾಬೂನಿನ ಗುಟ್ಟಿನ ಸೂತ್ರವನ್ನು ರಾಗವೊಂದರ ನೆರವಿನಿಂದ ನೆನಪಿಟ್ಟುಕೊಳ್ಳುವ ಈ ಕಥೆಯಲ್ಲಿ ಫೆರ್ಟ್ನರ್ ಕಾರ್ಖಾನೆಯ ಮಾಲೀಕ, ನಾಯಕಿಯ ತಂದೆ. ಆ ಹೊತ್ತಿಗೆ ಅವರಿಗೆ ಅರವತ್ತು ದಾಟಿತ್ತು. ಎರಡು ವರ್ಷ ಹಿಂದಿನ ‘ಅದಾ! ತೋ ನ್ಯೆ ವಿಪಾದಾ!’ ಚಿತ್ರದಲ್ಲೂ ಅವರು ತಂದೆಯೇ. ಒಮ್ಮೆ ಮಾಮೂಲಿನಂತೆ ನೋಡಿದ ಮೇಲೆ, ಅವರು ಕಾಣಿಸಿಕೊಳ್ಳುವ ದೃಶ್ಯಗಳನ್ನಷ್ಟೇ ಧ್ವನಿ ಅಡಗಿಸಿ ಮತ್ತೆ ನೋಡಿ. ಬೇರೆಯವರು ಮಾತನಾಡುವಾಗ ಅವರ ಹುಬ್ಬು, ಕೈ, ಹೊಟ್ಟೆ ಏನು ಮಾಡುತ್ತಿವೆ, ಯಾವ ನಿಮಿಷದಲ್ಲಿ ಪ್ರವೇಶ, ಯಾವ ನಿಮಿಷದಲ್ಲಿ ನಿರ್ಗಮನ ಎಂಬುದನ್ನು ಗುರುತು ಹಾಕಿಕೊಳ್ಳಿ. ಪೋಷಕ ನಟರ ಕೆಲಸ ಕಾಣುವುದು ಮಾತಿಗಿಂತ ಹೆಚ್ಚಾಗಿ ಈ ಬಿಡುವುಗಳಲ್ಲಿ ಎಂಬುದು ನನ್ನ ಅಭಿಪ್ರಾಯ. ಅಲ್ಲದೆ ಮುಖಚಹರೆ ಮನಸ್ಸಿನಲ್ಲಿ ಅಚ್ಚೊತ್ತಿದ್ದರೆ ಮುಂದೆ ಹೆಸರಿಲ್ಲದ ಸ್ಥಿರಚಿತ್ರಗಳಲ್ಲೂ ಅವರನ್ನು ಗುರುತಿಸಬಹುದು.

ಆನಂತರ ಒಂದು ಹಾಳೆಯಲ್ಲಿ ವರ್ಷಗಳನ್ನು ಬರೆದು, ಎಡಕ್ಕೆ ರಂಗಭೂಮಿ, ಬಲಕ್ಕೆ ಸಿನಿಮಾ ಎಂದು ಎರಡು ಅಂಕಣ ಮಾಡಿ. ಚಿತ್ರಗಳ ಪಟ್ಟಿಗೆ ವೂಚ್ ನಗರದ ಚಲನಚಿತ್ರ ಶಾಲೆ ನಡೆಸುವ ‘ಫಿಲ್ಮ್‌ಪೋಲ್ಸ್ಕಿ’ ಜಾಲತಾಣವೂ, ನಾಟಕಗಳಿಗೆ ವಾರ್ಸಾದ ರಂಗಭೂಮಿ ಸಂಸ್ಥೆಯ ‘ಪೋಲಿಷ್ ರಂಗಭೂಮಿ ವಿಶ್ವಕೋಶ’ವೂ ಸಾಕಾಗುತ್ತವೆ. ಎಡ ಅಂಕಣವನ್ನು ಕಡೆಗಣಿಸಬೇಡಿ. ಈ ಪೀಳಿಗೆಯ ನಟರಿಗೆ ಕಸುಬು ಎಂದರೆ ನಾಟಕವೇ. ಪ್ರಹಸನಗಳಲ್ಲಿ ಹೆಸರಾಗಿದ್ದ ನಟರನ್ನು, ಪ್ರೇಕ್ಷಕರಿಗೆ ಆಗಲೇ ಪರಿಚಿತರೆಂಬ ಕಾರಣಕ್ಕಾಗಿಯೇ, ಸಿನಿಮಾದವರು ಕರೆಸಿಕೊಳ್ಳುತ್ತಿದ್ದರು.

ಎಡವುವ ಜಾಗವೆಂದರೆ 1918ಕ್ಕಿಂತ ಹಿಂದಿನ ವರ್ಷಗಳು. ಆಗ ಪೋಲೆಂಡ್ ಎಂಬ ಸ್ವತಂತ್ರ ರಾಷ್ಟ್ರವಿರಲಿಲ್ಲ: ವಾರ್ಸಾ ರಷ್ಯಾದ ಆಳ್ವಿಕೆಯಲ್ಲಿತ್ತು, ಕ್ರಾಕುವ್ ಆಸ್ಟ್ರಿಯಾದ ಕೈಯಲ್ಲಿತ್ತು. ಮೊದಲ ಮಹಾಯುದ್ಧದ ಸಮಯದಲ್ಲಿ ಫೆರ್ಟ್ನರ್ ರಷ್ಯಾದಲ್ಲಿದ್ದು, ‘ಅಂತೋಶಾ’ ಎಂಬ ಪಾತ್ರದ ಹಾಸ್ಯಚಿತ್ರಗಳ ಸರಣಿಯಲ್ಲಿ ನಟಿಸಿದರು. ಪೋಲಿಷ್ ಪಟ್ಟಿಯಲ್ಲಿ ಆ ವರ್ಷಗಳು ಬಡವಾಗಿ ಕಂಡರೆ, ರಷ್ಯನ್ ಲಿಪಿಯಲ್ಲಿ ಹೆಸರನ್ನು ಬರೆದು ರಷ್ಯನ್ ಚಿತ್ರಸೂಚಿಗಳನ್ನು ಹುಡುಕಬೇಕು. ರಷ್ಯಾದ ದಾಖಲೆಗಳು ಹಳೆಯ ಜೂಲಿಯನ್ ಪಂಚಾಂಗವನ್ನು ಅನುಸರಿಸುವುದರಿಂದ ದಿನಾಂಕಗಳು 13 ದಿನ ಹಿಂದಿರುತ್ತವೆ. ನಮ್ಮ ಅಕ್ಟೋಬರ್ 22 ಅಲ್ಲಿ ಅಕ್ಟೋಬರ್ 9. ಒಂದೇ ಚಿತ್ರವನ್ನು ಎರಡು ಸಾಲುಗಳಲ್ಲಿ ಎರಡು ಚಿತ್ರಗಳೆಂದು ದಾಖಲಿಸುವ ತಪ್ಪು ಇಲ್ಲಿ ಸುಲಭವಾಗಿ ನಡೆದುಬಿಡುತ್ತದೆ.

ಹಳೆಯ ಪತ್ರಿಕೆಗಳಿಗೆ ಪೋಲೆಂಡಿನ ರಾಷ್ಟ್ರೀಯ ಗ್ರಂಥಾಲಯದ ‘ಪೊಲೋನಾ’ ಜಾಲತಾಣವಿದೆ, ಛಾಯಾಚಿತ್ರಗಳಿಗೆ ರಾಷ್ಟ್ರೀಯ ಡಿಜಿಟಲ್ ಪತ್ರಾಗಾರವಿದೆ. ಪತ್ರಿಕೆಗಳಲ್ಲಿ ಹುಡುಕುವಾಗ ಮಾತ್ರ ಒಂದು ವಿಷಯ ನೆನಪಿರಲಿ: ಪೋಲಿಷ್ ಭಾಷೆಯಲ್ಲೂ, ನಮ್ಮಲ್ಲಿರುವಂತೆ, ಹೆಸರಿಗೆ ವಿಭಕ್ತಿ ಪ್ರತ್ಯಯ ಹತ್ತುತ್ತದೆ. ಫೆರ್ಟ್ನರ್ ಅವರ ಎನ್ನುವಲ್ಲಿ ‘ಫೆರ್ಟ್ನೆರಾ’, ಅವರಿಗೆ ಎನ್ನುವಲ್ಲಿ ‘ಫೆರ್ಟ್ನೆರೋವಿ’, ಅವರೊಂದಿಗೆ ಎನ್ನುವಲ್ಲಿ ‘ಫೆರ್ಟ್ನೆರೆಮ್’ ಎಂದಾಗುತ್ತದೆ. ಮೂಲರೂಪವೊಂದನ್ನೇ ಹುಡುಕಿದರೆ ವಿಮರ್ಶೆಗಳಲ್ಲಿ ಎಷ್ಟೋ ಕೈತಪ್ಪಿ ಹೋಗುತ್ತವೆ. ಜೋಡಿ ಹೆಸರಿನವರದು ಇನ್ನೂ ತೊಡಕು. ಪ್ರುಶಿನ್ಸ್ಕಿಯ 1902ರ ದೃಶ್ಯಗಳಲ್ಲಿ ನಟಿಸಿ, 1937ರ ‘ಜ್ನಾಹೋರ್’ ಚಿತ್ರದಲ್ಲಿ ನೆನಪು ಕಳೆದುಕೊಂಡ ಶಸ್ತ್ರವೈದ್ಯನಾದ ಕಜಿಮಿಯೆಷ್ ಯುನೋಶಾ-ಸ್ತೆಂಪೋವ್ಸ್ಕಿ ಅವರನ್ನು ಯುನೋಶಾ ಎಂದೂ ಸ್ತೆಂಪೋವ್ಸ್ಕಿ ಎಂದೂ ಬೇರೆಬೇರೆಯಾಗಿ ಹುಡುಕಬೇಕು.

ಆತ್ಮಕಥೆಯನ್ನು ಕೊನೆಗಿಡಿ. ಫೆರ್ಟ್ನರ್ 1959ರಲ್ಲಿ ಕ್ರಾಕುವ್‌ನಲ್ಲಿ ತೀರಿಕೊಂಡ ಬಳಿಕ ಅವರ ನೆನಪುಗಳು ಪುಸ್ತಕವಾಗಿ ಬಂದವು. ಹಾಸ್ಯನಟರು ಪ್ರಸಂಗವನ್ನು ರುಚಿಗಟ್ಟಿಸಿ ಹೇಳುವುದು ಸಹಜವಾದ್ದರಿಂದ, ಅಲ್ಲಿನ ಇಸವಿಗಳನ್ನು ಹಾಳೆಯ ಎರಡೂ ಅಂಕಣಗಳೊಂದಿಗೆ ತಾಳೆ ನೋಡದೆ ಒಪ್ಪಬೇಡಿ. ಇಷ್ಟಾದ ಮೇಲೆ 1908ರ ಸಾಲಿಗೆ ಹಿಂತಿರುಗಿ, ದಿನಾಂಕ, ಚಿತ್ರಮಂದಿರ, ಪಾತ್ರ ಮೂರನ್ನೂ ತುಂಬಿ, ಪಕ್ಕದಲ್ಲಿ ‘ಪ್ರತಿ ಉಳಿದಿಲ್ಲ’ ಎಂದು ಬರೆಯಿರಿ.