ನೂರು ರೂಪಾಯಿಯಲ್ಲಿ ಊರಿಗೆ 43: ನನ್ನ ಹೋಮ್‌ಸ್ಟೇ ಲೆಕ್ಕ

ಕಳೆದ ಏಪ್ರಿಲ್‌ನಲ್ಲಿ ಹಿಂದಿನ ವರ್ಷದ ಲೆಕ್ಕ ಮುಗಿಸಿದೆ. ಅತಿಥಿ ಕೊಟ್ಟ ಪ್ರತಿ ನೂರು ರೂಪಾಯಿಯಲ್ಲಿ ಸುಮಾರು 43 ರೂಪಾಯಿ ನಮ್ಮ ಊರಿನ ಬೇರೆ ಬೇರೆ ಮನೆಗಳಿಗೆ ಹೋಗಿದೆ. ನಮ್ಮ ಮನೆಗೆ ಬಂದದ್ದು ಇದರಲ್ಲಿ ಸೇರಿಲ್ಲ, ಅದು ಬೇರೆ. ಒಂಬತ್ತು ವರ್ಷದ ಹಿಂದೆ ಈ ಅಂಕಿ 14 ಇತ್ತು. ಆಗ ನನ್ನ ಲೆಕ್ಕದ ಪುಸ್ತಕ ನೋಡಿ ನಕ್ಕವರೇ ಈಗ ಅದರ ಜೆರಾಕ್ಸ್ ಕೇಳುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮದು ಶಿರಸಿ ಹತ್ತಿರದ ಸಣ್ಣ ಊರು. ಮೂವತ್ತು ಚಿಲ್ಲರೆ ಮನೆ, ಎಲ್ಲರಿಗೂ ಅಡಿಕೆ ತೋಟ. 2014ರಲ್ಲಿ ಹಳೆಯ ಅಟ್ಟದ ಮನೆಯಲ್ಲಿ ಮೂರು ಕೋಣೆ ಸರಿಮಾಡಿ ಶುರು ಮಾಡಿದೆ. ನೋಂದಣಿ, ಫೋಟೋ, ಬುಕಿಂಗ್ ಇದೆಲ್ಲ ಹೋಮ್‌ಸ್ಟೇ ನಡೆಸುವ ನಿಮಗೆ ಗೊತ್ತಿದ್ದದ್ದೇ. ಎರಡನೇ ವರ್ಷಕ್ಕೆ ಎಂಟು ಲಕ್ಷದ ಹತ್ತಿರ ವಹಿವಾಟು ಆಯಿತು. ನನಗೆ ಬಹಳ ಖುಷಿ. ಆಗ ಪಕ್ಕದ ಮನೆಯವರು ಒಂದು ಮಾತು ಹೇಳಿದರು. "ಭಾವ, ನಿಮ್ಮನೆಗೆ ದುಡ್ಡು ಬರ್ತದೆ, ನಮ್ಮನೆಗೆ ಕಾರಿನ ಧೂಳು ಬರ್ತದೆ." ಜಗಳಕ್ಕೆ ಹೇಳಿದ್ದಲ್ಲ. ಅಂಗಳದಲ್ಲಿ ಒಣಗಲು ಹಾಕಿದ ಅಡಿಕೆ ತೋರಿಸಿ ಹೇಳಿದರು. ಅದರ ಮೇಲೆ ನಿಜವಾಗಿಯೂ ಕೆಂಪು ಧೂಳು ಕೂತಿತ್ತು.

ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಪ್ರವಾಸೋದ್ಯಮದಿಂದ ಊರು ಉದ್ಧಾರ ಆಗುತ್ತದೆ ಎಂದು ಎಲ್ಲ ಕಡೆ ಹೇಳಿಕೊಂಡು ತಿರುಗಿದವನು ನಾನೇ. ಎಂಟು ಲಕ್ಷದಲ್ಲಿ ಊರಿಗೆ ಬಂದದ್ದೆಷ್ಟು? ಗೊತ್ತಿರಲಿಲ್ಲ.

ಮರುದಿನ ಒಂದು ಉದ್ದದ ರಿಜಿಸ್ಟರ್ ತಂದು ನಾಲ್ಕು ಕಾಲಂ ಹಾಕಿದೆ. ಊರಿನ ಬೇರೆ ಮನೆಗೆ, ಶಿರಸಿ ಪೇಟೆಗೆ, ಅದರಾಚೆಗೆ, ನಮ್ಮ ಮನೆಗೆ. ಅತಿಥಿಗಳಿಂದ ಬಂದ ಪ್ರತಿ ರೂಪಾಯಿ ಇವುಗಳಲ್ಲಿ ಒಂದಕ್ಕೆ ಹೋಗಬೇಕು. ಮೊದಲು ನಮ್ಮ ಲಾಭವನ್ನೂ ಊರಿನ ಕಾಲಮಿಗೇ ಸೇರಿಸಿದ್ದೆ. ಹೆಂಡತಿ ಒಪ್ಪಲಿಲ್ಲ. "ಮಗನ ಹಾಸ್ಟೆಲ್ ಫೀಸು ಬೆಂಗಳೂರಿಗೆ ಹೋಗ್ತದೆ, ಅದು ಹೇಗೆ ಊರಿಂದಾಯ್ತು?" ಎಂದಳು. ಅವಳು ಹೇಳಿದ್ದು ಸರಿ. ನಮ್ಮದನ್ನು ಬೇರೆ ಮಾಡಿದ ಮೇಲೆ ನಿಜ ಕಂಡಿತು. ನೂರರಲ್ಲಿ ಊರಿಗೆ 14, ಪೇಟೆಗೆ 31, ಆಚೆಗೆ 40, ನಮಗೆ 15. ಹದಿನೈದು ರೂಪಾಯಿಗೆ ನಾನು ಅಷ್ಟೆಲ್ಲ ಒದ್ದಾಡಿದ್ದೆ!

ಸಂಬಂಧಿಕರಲ್ಲಿ ಒಬ್ಬರು ಲೆಕ್ಕಪರಿಶೋಧಕರು. ಅವರು ಪುಸ್ತಕ ತಿರುವಿ "ಇದು ತೆರಿಗೆಗೂ ಬರುವುದಿಲ್ಲ, ಬ್ಯಾಂಕಿಗೂ ಬರುವುದಿಲ್ಲ" ಎಂದರು. ಊರಲ್ಲಿ ಕೆಲವರು, ಅಗ್ಗದಲ್ಲಿ ಸಿಗುವುದನ್ನು ಬಿಟ್ಟು ಊರಲ್ಲೇ ಕೊಂಡರೆ ಎರಡು ವರ್ಷದಲ್ಲಿ ಬಾಗಿಲು ಹಾಕುತ್ತೀಯ ಎಂದರು. ಅವರು ಹೇಳಿದ್ದು ಪೂರ್ತಿ ಸುಳ್ಳೂ ಆಗಲಿಲ್ಲ. ಮೊದಲ ವರ್ಷ ನಷ್ಟವೇ ಆಯಿತು.

ಆಚೆಗೆ ಹೋಗುತ್ತಿದ್ದ 40ರಲ್ಲಿ ದೊಡ್ಡ ಪಾಲು ಎರಡೇ. ಒಂದು ಬುಕಿಂಗ್ ಕಂಪನಿಯ ಕಮಿಷನ್, ತೆರಿಗೆ ಎಲ್ಲ ಸೇರಿ 18-20. ಇನ್ನೊಂದು ಸಾಲದ ಬಡ್ಡಿ. ಬಾತ್‌ಟಬ್, ಎಸಿ ಇದ್ದರೆ ದೊಡ್ಡ ಅತಿಥಿಗಳು ಬರುತ್ತಾರೆ ಎಂದು ಯಾರೋ ಹೇಳಿದ್ದು ಕೇಳಿ ಆರು ಲಕ್ಷ ಸಾಲ ಮಾಡಿ ಒಂದು ಕಾಟೇಜ್ ಕಟ್ಟಿದ್ದೆ. ಮಳೆಗಾಲದಲ್ಲಿ ಅದರ ಗೋಡೆಗೆಲ್ಲ ಬೂಷ್ಟು. ಕರೆಂಟು ಹೋದರೆ ಎಸಿ ಇದ್ದೂ ಇಲ್ಲ. ಕಮೋಡಿನಿಂದ ಟೈಲ್ಸಿನವರೆಗೆ ಸಾಮಾನೆಲ್ಲ ಹೊರಗಿನದು, ಕೂರಿಸಲು ಬಂದವರೂ ಹೊರಗಿನವರೇ. ಆ ಆರು ಲಕ್ಷದಲ್ಲಿ ಊರವರ ಕೈಗೆ ಬಂದದ್ದು ಮಣ್ಣು ಹೊತ್ತ ಕೂಲಿ ಮಾತ್ರ. ಅದೇ ವರ್ಷ ಹಳೆಯ ಮನೆಯ ಜಂಬಿಟ್ಟಿಗೆ ಗೋಡೆಯ ಕೋಣೆಗೆ ಊರಿನ ಬಡಗಿಯಿಂದ ಮಂಚ, ಕಿಟಕಿ ಮಾಡಿಸಿದೆ. ಎಪ್ಪತ್ತು ಸಾವಿರದೊಳಗೆ ಮುಗಿಯಿತು. ಮೊದಲು ಭರ್ತಿ ಆಗುವುದು ಇವತ್ತಿಗೂ ಅದೇ ಕೋಣೆ. ಕಾಟೇಜ್ ಈಗ ಅಡಿಕೆ ಚೀಲ ಇಡುವ ಜಾಗ. ಅದರ ಸಾಲ ತೀರಿದ್ದು 2021ರಲ್ಲಿ.

ಕಮಿಷನ್ ಇಳಿಸಲು ಮೂರು ವರ್ಷ ಹಿಡಿಯಿತು. ಒಮ್ಮೆ ಬಂದವರು ಎರಡನೇ ಸಲ ನೇರ ಫೋನ್ ಮಾಡಬೇಕು, ಅದಕ್ಕೆ ಏನು ಮಾಡಬೇಕು ಎಂದು ಒಂದು ದಾರಿ ಕಂಡುಕೊಂಡಿದ್ದೇನೆ. ಹೋಗುವಾಗ ಅವರ ಕೈಗೆ ಏನೋ ಒಂದು ಕೊಡುತ್ತೇವೆ. ಅದೇನೆಂದು ಇಲ್ಲಿ ಬರೆಯುವುದಿಲ್ಲ, ಕ್ಷಮಿಸಿ. ಈಗ ನೂರಕ್ಕೆ ಎಪ್ಪತ್ತು ಬುಕಿಂಗ್ ನೇರವಾಗಿ ಬರುತ್ತದೆ.

ಕಷ್ಟ ಆದದ್ದು ಅಡುಗೆಮನೆ. ಶಿರಸಿಯ ಸಗಟು ಅಂಗಡಿಯಿಂದ ವಾರಕ್ಕೊಮ್ಮೆ ಜೀಪಿನಲ್ಲಿ ಹೂಕೋಸು, ಪನೀರು, ಬ್ರೆಡ್ಡು, ನೀರಿನ ಬಾಟಲಿ ತರುತ್ತಿದ್ದೆ. ಅದನ್ನೆಲ್ಲ ನಿಲ್ಲಿಸಿ, ಊರಿನವರು ಬೆಳೆದದ್ದು ತಂದುಕೊಡಿ ಎಂದೆ. ಮೊದಲ ವಾರ ಒಂಬತ್ತು ಮನೆಯಿಂದಲೂ ಸೌತೆಕಾಯಿ ಬಂತು! ಬೇಡ ಎನ್ನಲು ಬಾಯಿ ಬರುವುದಿಲ್ಲ, ಅಲ್ವಾ? ಎಲ್ಲಾ ತಗೊಂಡೆ, ಅರ್ಧ ದನಕ್ಕೆ ಹಾಕಿದೆ. ಹಾಲಿನದು ಇನ್ನೊಂದು ಗೋಳು. ಅತಿಥಿ ಇದ್ದ ದಿನ ಹಾಲು ಸಾಲದು, ಇಲ್ಲದ ದಿನ ಹದಿನೈದು ಲೀಟರ್. ಆ ವರ್ಷ ಊಟದ ಲೆಕ್ಕದಲ್ಲೇ ನಲವತ್ತು ಸಾವಿರ ಹೋಯಿತು.

ತಪ್ಪು ಎಲ್ಲಿ ಎಂದು ತಿಳಿಯಲು ಒಂದು ಮಳೆಗಾಲ ಬೇಕಾಯಿತು. ನಾನು ಅಡುಗೆ ಪಟ್ಟಿ ಮೊದಲು ಮಾಡಿ ಸಾಮಾನು ಹುಡುಕುತ್ತಿದ್ದೆ. ಅದನ್ನು ತಿರುಗಿಸಿದೆ. ಯಾವ ಮನೆಯಲ್ಲಿ ಯಾವ ತಿಂಗಳು ಏನಿರುತ್ತದೆ ಎಂದು ಬರೆದುಕೊಂಡು ಪಾಳಿ ಹಾಕಿದೆ. ಒಂದು ಮನೆಗೆ ಬೆಂಡೆ, ಒಂದು ಮನೆಗೆ ಬಸಳೆ, ಇನ್ನೊಂದು ಮನೆಗೆ ಕೆಸುವಿನ ಸೊಪ್ಪು. ಅಡುಗೆ ಅದರ ಹಿಂದೆ ಹೋಗುತ್ತದೆ. ಒಂದೆಲಗದ ತಂಬುಳಿ, ಅಪ್ಪೆಹುಳಿ (ಮಾವಿನಕಾಯಿಯ ತಿಳಿ ಸಾರು), ಕರಕಲಿ (ಕೆಸುವಿನ ಸೊಪ್ಪಿನ ಹುಳಿ-ಖಾರದ ಗೊಜ್ಜು), ಹಲಸಿನ ಹಪ್ಪಳ. ಪನೀರ್ ಇಲ್ಲ ಎಂದು ಬುಕಿಂಗ್ ರದ್ದು ಮಾಡಿದವರೂ ಇದ್ದಾರೆ, ಒಂದು ಸೀಸನ್ನಿನಲ್ಲಿ ಐದಾರು ಕುಟುಂಬ. ನಾನು ಪಟ್ಟು ಬಿಡಲಿಲ್ಲ. ಎರಡನೇ ವರ್ಷಕ್ಕೆ ಕರಕಲಿ ತಿನ್ನಲೆಂದೇ ಹುಬ್ಬಳ್ಳಿಯಿಂದ ಜನ ಬಂದರು. ನಮ್ಮ ಮನೆಯ ಅಪ್ಪೆಹುಳಿ ಕುಡಿದವರು ಎರಡನೇ ಲೋಟ ಕೇಳದೆ ಎದ್ದದ್ದು ನಾನು ನೋಡಿಲ್ಲ.

ಇದರಲ್ಲಿ ಒಂದು ನಿಯಮ ಮಾತ್ರ ಮುರಿಯಬೇಡಿ. ದುಡ್ಡು ಅದೇ ದಿನ ಸಂಜೆ ಕೊಟ್ಟುಬಿಡಬೇಕು. ತಿಂಗಳ ಕೊನೆಗೆ ಲೆಕ್ಕ ಅಂದರೆ ಮೂರನೇ ತಿಂಗಳಿಗೆ ಯಾರೂ ತರುವುದಿಲ್ಲ. ದರ ಹೇಗೆ ನಿಗದಿ ಮಾಡುತ್ತೇನೆ ಎನ್ನುವುದು ಮಾತ್ರ ನಮ್ಮ ಊರಿನ ಒಳಗಿನ ವಿಷಯ, ಬಿಡಿ.

ಇನ್ನೊಂದು ತೊಡಕು ಕೆಲಸದವರದು. ಪ್ರವಾಸಿಗರು ಜಾಸ್ತಿ ಬರುವ ನವೆಂಬರ್‌ನಿಂದ ಫೆಬ್ರವರಿ ತನಕವೇ ನಮ್ಮಲ್ಲಿ ಕೊನೆಕೊಯ್ಲು, ಅಂದರೆ ಅಡಿಕೆ ಗೊನೆ ಇಳಿಸುವ ಕೆಲಸ. ಅಡಿಕೆ ಸುಲಿಯುವ ಹೆಂಗಸರನ್ನು ಪಾತ್ರೆ ತೊಳೆಯಲು ಕರೆದರೆ ಯಾಕೆ ಬರುತ್ತಾರೆ? ಮೊದಲು ಕೂಲಿ ಏರಿಸಿ ನೋಡಿದೆ. ಊರಿನ ಬೆಳೆಗಾರರೆಲ್ಲ ನನ್ನ ಮೇಲೆ ಸಿಟ್ಟಾದರು. ಆಮೇಲೆ ಕೆಲಸವನ್ನೇ ಅವರ ಮನೆಗೆ ಕಳಿಸಿದೆ. ಹಪ್ಪಳ, ಉಪ್ಪಿನಕಾಯಿ, ತೊಡೆದೇವು (ಹಾಳೆಯಷ್ಟು ತೆಳುವಾದ ಸಿಹಿ ತಿಂಡಿ) ಅವರವರ ಬಿಡುವಿನಲ್ಲಿ ಮಾಡುತ್ತಾರೆ. ಆಲೆಮನೆ ದಿನಗಳಲ್ಲಿ ಒಂದು ಮನೆಯ ಜಗಲಿಯಲ್ಲಿ, ಕವುಚಿ ಹಾಕಿದ ಗಡಿಗೆಯ ಮೇಲೆ ಕಬ್ಬಿನ ಹಾಲು, ಅಕ್ಕಿಹಿಟ್ಟಿನ ತೊಡೆದೇವು ಎಳೆಯುವುದನ್ನು ಅತಿಥಿಗಳು ನಿಂತು ನೋಡುತ್ತಾರೆ. ನೋಡಿದವರು ಕೊಳ್ಳದೆ ಹೋಗುವುದು ಅಪರೂಪ. ಆ ಮನೆಯ ಅಕ್ಕ ಕಳೆದ ಸೀಸನ್ನಿನಲ್ಲಿ ಅರವತ್ತು ಸಾವಿರದ ಹತ್ತಿರ ದುಡಿದಿದ್ದಾರೆ.

ನಡುವೆ ಒಂದು ಪ್ರಯೋಗ ಮಾಡಿದೆ. ಊರಿಗೆ ಬಂದ ದುಡ್ಡು ಊರಲ್ಲಿ ಎಷ್ಟು ಕೈ ತಿರುಗುತ್ತದೆ ಎಂದು ನೋಡುವ ಆಸೆ. ರಟ್ಟಿನಲ್ಲಿ ಅರವತ್ತು ಚೀಟಿ ಮಾಡಿ ಸಹಿ ಹಾಕಿದೆ, ಒಂದಕ್ಕೆ ಐವತ್ತು ರೂಪಾಯಿ ಬೆಲೆ. ಪ್ರತಿ ಅತಿಥಿಗೆ ಒಂದು ಉಚಿತ. ಊರಲ್ಲಿ ಎಲ್ಲಿ ಬೇಕಾದರೂ ಕೊಡಬಹುದು, ಪಡೆದವರು ಹಿಂದೆ ಹೆಸರು ಬರೆದು ಇನ್ನೊಬ್ಬರಿಗೆ ಕೊಡಬಹುದು, ಯಾವಾಗ ಬೇಕಾದರೂ ನನ್ನ ಬಳಿ ತಂದು ನಗದು ಮಾಡಬಹುದು. ಎಂಟು ತಿಂಗಳಲ್ಲಿ ಐವತ್ತೊಂದು ಚೀಟಿ ವಾಪಸ್ ಬಂತು. ಹೆಚ್ಚಿನವುಗಳ ಹಿಂದೆ ಎರಡು ಮೂರು ಹೆಸರು. ಒಂದರಲ್ಲಿ ಮಾತ್ರ ಏಳು. ಜೇನು ಕೊಟ್ಟವನಿಂದ ಗೂಡಂಗಡಿಗೆ, ಅಲ್ಲಿಂದ ಹಾಲಿನ ಮನೆಗೆ, ಅಲ್ಲಿಂದ ಹೊಲಿಗೆಯವಳಿಗೆ, ಹೀಗೆ. ಐವತ್ತು ರೂಪಾಯಿ ಮುನ್ನೂರೈವತ್ತರ ಕೆಲಸ ಮಾಡಿತ್ತು. ಅದೇ ಐವತ್ತನ್ನು ನಾನು ನೀರಿನ ಬಾಟಲಿಗೆ ಕೊಟ್ಟಿದ್ದರೆ ಅವತ್ತೇ ಘಟ್ಟ ಇಳಿದು ಹೋಗುತ್ತಿತ್ತು. ಚೀಟಿ ಇಲ್ಲದೆಯೂ ದುಡ್ಡು ಹೀಗೇ ತಿರುಗುತ್ತದೆ, ನಮಗೆ ಕಾಣುವುದಿಲ್ಲ ಅಷ್ಟೇ. ನೋಟಿನ ಹಾಗೆ ಚಲಾವಣೆ ಆಗುವುದು ಸರಿಯಲ್ಲ ಎಂದು ಕೆಲವು ಹಿರಿಯರು ಹೇಳಿದರು, ನಿಲ್ಲಿಸಿದೆ. ಆ ಏಳು ಹೆಸರಿನ ಚೀಟಿಗೆ ಕಟ್ಟು ಹಾಕಿಸಿ ಜಗಲಿಯಲ್ಲಿ ಇಟ್ಟಿದ್ದೇನೆ.

ಸೈಕಲ್ ಪ್ರಯೋಗ ಪೂರ್ತಿ ಸೋತಿತು. ಎಂಟು ಸೈಕಲ್, ಎಂಬತ್ತು ಸಾವಿರ. ನಮ್ಮ ಏರಿನಲ್ಲಿ ಯಾರೂ ತುಳಿಯಲಿಲ್ಲ, ಎರಡು ಮಳೆಗಾಲಕ್ಕೆ ತುಕ್ಕು ತಿಂದಿತು. ಆದರೆ ಊರಿನ ಇಬ್ಬರು ಜೀಪಿನ ಹುಡುಗರನ್ನು ಯಾಣ, ಉಂಚಳ್ಳಿ, ಸಹಸ್ರಲಿಂಗದ ದಾರಿಗೆ ಹಚ್ಚಿದ್ದು ಫಲ ಕೊಟ್ಟಿತು. ಮೊದಲು ಅತಿಥಿಗಳು ತಮ್ಮ ಕಾರಲ್ಲೇ ಹೋಗಿ ಬರುತ್ತಿದ್ದರು. ಯಾಣದ ಭೈರವೇಶ್ವರ ಶಿಖರ 120 ಮೀಟರ್ ಎಂದು ಬೋರ್ಡು ಓದಿ, ಫೋಟೋ ತೆಗೆದು ವಾಪಸ್. ಹುಡುಗರು ಕರೆದುಕೊಂಡು ಹೋದರೆ ಕಾಡಿನ ಹಣ್ಣು ತಿನ್ನಿಸುತ್ತಾರೆ, ಹಕ್ಕಿ ತೋರಿಸುತ್ತಾರೆ, ಬರುವಾಗ ಬನವಾಸಿಗೂ ಒಂದು ದಿನ ಇರಿ ಎನ್ನುತ್ತಾರೆ. ಸರಾಸರಿ ಒಂದು ರಾತ್ರಿ ಇರುತ್ತಿದ್ದವರು ಈಗ ಎರಡು ರಾತ್ರಿಗೂ ಜಾಸ್ತಿ ಇರುತ್ತಾರೆ. ಕೋಣೆ ಹೆಚ್ಚಿಸದೆ ವಹಿವಾಟು ಏರಿದ್ದು ಇದರಿಂದ.

ನನ್ನ ಲೆಕ್ಕಕ್ಕೆ ನಿಜವಾದ ಪರೀಕ್ಷೆ 2020. ಮಾರ್ಚ್ ಮೊದಲಲ್ಲಿ ಮಾರಿಕಾಂಬಾ ಜಾತ್ರೆಗೆ ನಮ್ಮಲ್ಲಿ ಜಗಲಿಯಲ್ಲೂ ಜನ ಮಲಗಿದ್ದರು. ತಿಂಗಳು ಮುಗಿಯುವುದರೊಳಗೆ ಲಾಕ್‌ಡೌನ್. 2019ರಲ್ಲಿ ದೇಶಕ್ಕೆ 1.09 ಕೋಟಿ ವಿದೇಶಿ ಪ್ರವಾಸಿಗರು ಬಂದಿದ್ದರು, 2020ರಲ್ಲಿ 27 ಲಕ್ಷಕ್ಕೆ ಇಳಿಯಿತು. ದೇಶದೊಳಗೆ ತಿರುಗಿದವರ ಭೇಟಿ 232 ಕೋಟಿಯಿಂದ 61 ಕೋಟಿಗೆ ಬಂತು. ದೇಶದ ಒಟ್ಟು ಉತ್ಪನ್ನದಲ್ಲಿ ನೂರಕ್ಕೆ ಐದರಷ್ಟು ಪ್ರವಾಸೋದ್ಯಮದ್ದು ಎನ್ನುತ್ತಾರೆ. ಐದು ಅಂದರೆ ಕಡಿಮೆ ಅನ್ನಿಸಬಹುದು. ಆದರೆ ಆ ಐದರ ಕೆಳಗೆ ಜೀಪಿನವ, ಹೂವಿನವಳು, ಎಳನೀರಿನವ, ಪಾತ್ರೆ ತೊಳೆಯುವವಳು ಎಷ್ಟು ಜನ ನಿಂತಿದ್ದಾರೆ ಎಂದು ಆ ವರ್ಷ ಗೊತ್ತಾಯಿತು.

ನಮ್ಮ ಊರು ತಡೆದುಕೊಂಡಿತು. ಮೊದಲ ಕಾರಣ ಅಡಿಕೆ, ಅದನ್ನು ಮರೆಯಬಾರದು. ತೋಟ ಬಿಟ್ಟು ಪೂರ್ತಿ ಪ್ರವಾಸಿಗರನ್ನೇ ನಂಬಬೇಡಿ ಎಂದು ನಾನು ಎಲ್ಲರಿಗೂ ಹೇಳುವುದು ಅದಕ್ಕೇ. ಎರಡನೆಯದು ಹಳೆಯ ಅತಿಥಿಗಳು. ಬೆಂಗಳೂರಿನಿಂದ ಫೋನ್ ಮಾಡಿ ಅಪ್ಪೆಮಿಡಿ ಉಪ್ಪಿನಕಾಯಿ, ಜೋನಿ ಬೆಲ್ಲ (ದ್ರವರೂಪದ ಬೆಲ್ಲ), ಹಪ್ಪಳ ಕೇಳಿದರು. ಮೊದಲ ಪಾರ್ಸೆಲ್ಲಿನಲ್ಲಿ ಬೆಲ್ಲದ ಡಬ್ಬಿ ಒಡೆದು ಎಲ್ಲ ಹಾಳು, ನಾಲ್ಕು ಸಾವಿರ ನಷ್ಟ. ಆಮೇಲೆ ಕಟ್ಟುವ ವಿಧಾನ ಬದಲಿಸಿದೆವು. ಕೋಣೆಗಳು ಖಾಲಿ ಇದ್ದ ಆ ವರ್ಷ ಊರಿನ ಹನ್ನೊಂದು ಮನೆಗೆ ಮೂರು ಲಕ್ಷದಷ್ಟು ಹೋಯಿತು. ಪಾರ್ಸೆಲ್ ಇವತ್ತಿಗೂ ನಿಂತಿಲ್ಲ.

ಈಗಿನ ಲೆಕ್ಕ ಹೀಗಿದೆ. ಊರಿಗೆ 43, ಶಿರಸಿಗೆ 15, ಆಚೆಗೆ 16, ನಮಗೆ 26. ಊರಿಗೆ ಹೆಚ್ಚು ಕೊಟ್ಟು ನಮಗೂ ಹೆಚ್ಚು ಉಳಿದದ್ದು ಹೇಗೆ ಎಂದು ಆ ಲೆಕ್ಕಪರಿಶೋಧಕರೇ ಎರಡು ಸಲ ಕೂಡಿಸಿ ನೋಡಿದರು. ಕಮಿಷನ್, ಬಡ್ಡಿ, ಪೇಟೆಯ ಖರೀದಿ, ಮತ್ತೇನಿಲ್ಲ. ಹೊರಗೆ ಸೋರುತ್ತಿದ್ದದ್ದನ್ನು ಹಿಡಿದು ಇಬ್ಬರೂ ಹಂಚಿಕೊಂಡಿದ್ದೇವೆ.

ಧೂಳಿನ ಮಾತು ಹೇಳಿದ ಪಕ್ಕದ ಮನೆಯವರು ಈಗ ವಾರಕ್ಕೆ ಮೂರು ದಿನ ನಮಗೆ ಹಾಲು, ತುಪ್ಪ ಕೊಡುತ್ತಾರೆ. ಕಾರು ನಿಲ್ಲಿಸುವ ಜಾಗವನ್ನು ಊರ ಬಾಗಿಲಿಗೇ ಸರಿಸಿದ್ದೇನೆ, ಅವರ ಅಂಗಳದ ಮುಂದೆ ಈಗ ಕಾರು ಬರುವುದಿಲ್ಲ. ಪೇಟೆಗೆ ಹೋಗುವ 15ರಲ್ಲಿ ಚಾದರ, ದಿಂಬಿನ ಚೀಲ ತೊಳೆಸುವ ಖರ್ಚೇ ನಾಲ್ಕು ರೂಪಾಯಿ ಇದೆ. ದೊಡ್ಡ ವಾಷಿಂಗ್ ಮೆಷಿನ್ ಅವರ ಕೊಟ್ಟಿಗೆಯ ಪಕ್ಕ ಕೂರಿಸುವ ಮಾತು ನಡೆಯುತ್ತಿದೆ. ಅರ್ಧ ದುಡ್ಡು ನನ್ನದು, ಅರ್ಧ ಅವರದು. ಮಳೆಗಾಲದಲ್ಲಿ ಒಣಗಿಸುವುದು ಎಲ್ಲಿ ಎನ್ನುವುದೊಂದೇ ಇನ್ನೂ ಬಗೆಹರಿದಿಲ್ಲ. ಅಡಿಕೆ ಒಣಗಿಸುವ ಡ್ರೈಯರ್ ಮನೆಯಲ್ಲಿ ಹತ್ತು ಚಾದರ ಹಾಕಿ ನೋಡಿದೆವು. ಒಣಗಿತು, ಆದರೆ ಹೊಗೆಯ ವಾಸನೆ. ಮುಂದಿನ ವಾರ ಗೂಡಿನ ಬಾಯಿಗೆ ತಗಡು ಕಟ್ಟಿ ಮತ್ತೊಮ್ಮೆ ನೋಡಬೇಕು.